ನಮ್ಮ ಹಿರಿಯರಿಗೆ ಆದದ್ದು ಧಾರ್ಮಿಕ ಕಿರುಕುಳವೇ?

ಪ್ರಶ್ನೆ: ಮೇಡಂ, ನಮ್ಮದು ಒಂದು ಚಿಕ್ಕ ಪಂಥ. ಅಜ್ಜಿ ಹತ್ತು ವರ್ಷದ ಹುಡುಗಿಯಾಗಿದ್ದಾಗ ನಮ್ಮವರ ಹನ್ನೆರಡು ಮನೆಗಳೂ ಊರು ಬಿಟ್ಟು ಬಂದವು. ಮೊದಲು ಮಾತುಕತೆ ನಿಂತಿತಂತೆ, ಆಮೇಲೆ ಬಾವಿ, ಆಮೇಲೆ ಕೂಲಿ. ಒಂದು ರಾತ್ರಿ ನಮ್ಮ ಪ್ರಾರ್ಥನೆಯ ಮನೆಗೆ ಬೆಂಕಿ ಬಿತ್ತು. ದೂರು ಕೊಡಲು ಹೋದವರಿಗೆ "ನೀವು ಮೊದಲಿನ ಹಾಗೆ ಇದ್ದುಬಿಟ್ಟರೆ ನಿಮಗ್ಯಾರು ಏನು ಮಾಡ್ತಾರೆ?" ಎಂದು ಹೇಳಿ ಕಳಿಸಿದರಂತೆ. ಅಜ್ಜಿಯನ್ನೂ ಅವರ ತಂಗಿಯನ್ನೂ ಅದೇ ಊರಿನವರೊಬ್ಬರು ಗಾಡಿಯಲ್ಲಿ ಕೂರಿಸಿ ದಾಟಿಸಿದರು ಎಂಬ ಮಾತೂ ಇದೆ. ಈಗ ಕುಟುಂಬದ ಚರಿತ್ರೆ ಬರೆಯುವ ಕೆಲಸ ನನ್ನ ಹೆಗಲಿಗೆ ಬಿದ್ದಿದೆ. ನಾನು 'ಧಾರ್ಮಿಕ ಕಿರುಕುಳ' ಎಂದು ಬರೆದಿದ್ದನ್ನು ನೋಡಿ ಚಿಕ್ಕಪ್ಪ "ಅದು ಬರೀ ಜಮೀನಿನ ಜಗಳ" ಅಂದರು. ಕಾನೂನು ಓದಿದ ಗೆಳತಿ "ಸರ್ಕಾರ ಮಾಡಿದರೆ ಮಾತ್ರ ಆ ಮಾತು ಬಳಸಬೇಕು" ಅಂದಳು. ಸತ್ತವರು ಮೂರು ಜನ ಎಂದು ಅಜ್ಜಿ ಹೇಳುತ್ತಿದ್ದರು, ಈಗ ನಮ್ಮ ವಾರ್ಷಿಕ ಕೂಟದಲ್ಲಿ ಅದು ನಲವತ್ತಾಗಿದೆ. ಹದಿನಾಲ್ಕು ವರ್ಷದ ಮಗ ಎಲ್ಲ ಕೇಳಿಸಿಕೊಂಡು "ಹಾಗಾದ್ರೆ ಆ ಜನರ ಮೊಮ್ಮಕ್ಕಳನ್ನ ನಾವು ದ್ವೇಷ ಮಾಡ್ಬೇಕಾ?" ಎಂದು ಕೇಳಿದ. ಬರೆಯಲೋ ಬೇಡವೋ ತಿಳಿಯದೆ ಕೂತಿದ್ದೇನೆ.

ಉತ್ತರ: ನಿಮ್ಮ ಪತ್ರವನ್ನು ಎರಡು ಸಲ ಓದಿದೆ. ಮೊದಲ ಓದಿಗೆ ಇದು ಒಂದು ಶಬ್ದದ ತಕರಾರು ಅನ್ನಿಸಿತು. ಎರಡನೇ ಓದಿಗೆ, ಮಗನ ಮಾತನ್ನು ಎಲ್ಲಕ್ಕಿಂತ ಕೊನೆಗೆ ಇಟ್ಟಿದ್ದೀರಿ, ಆದರೆ ನಿಮ್ಮ ಪೆನ್ನು ನಿಂತಿರುವುದು ಅಲ್ಲೇ ಎಂದು ಕಂಡಿತು. ಚಿಕ್ಕಪ್ಪ, ಗೆಳತಿ ಇಬ್ಬರಿಗೂ ಉತ್ತರ ಕೊಡಬಹುದು, ಅದು ಕಷ್ಟವಲ್ಲ. ಆದರೂ ಶಬ್ದದಿಂದಲೇ ಶುರು ಮಾಡುತ್ತೇನೆ. ಶಬ್ದ ಸಡಿಲವಾಗಿದ್ದರೆ ಮುಂದಿನದೆಲ್ಲ ಸಡಿಲವಾಗುತ್ತದೆ.

ಕನ್ನಡದಲ್ಲಿ 'ಕಿರುಕುಳ' ಎಂದರೆ ಕಿವಿಗೆ ಸ್ವಲ್ಪ ಚಿಕ್ಕದಾಗಿಯೇ ಕೇಳಿಸುತ್ತದೆ. ಕಚೇರಿಯಲ್ಲಿ ಮೇಲಧಿಕಾರಿ ಕೊಡುವುದೂ ಕಿರುಕುಳ, ಜನರನ್ನು ಜೀವಂತ ಸುಟ್ಟದ್ದೂ ಕಿರುಕುಳ. ಇಂಗ್ಲಿಷಿನ ಪರ್ಸಿಕ್ಯೂಷನ್ ಎಂಬುದರ ಮೂಲ ಲ್ಯಾಟಿನ್ನಿನಲ್ಲಿದೆ. ಬಿಡದೆ ಹಿಂಬಾಲಿಸು, ಬೆನ್ನಟ್ಟು ಎಂದು ಅದರ ಅರ್ಥ. ನನಗೆ ಆ 'ಬಿಡದೆ' ಎಂಬುದು ಮುಖ್ಯ. ಒಂದು ದಿನದ ಗಲಭೆ, ಒಂದು ಬೈಗುಳ, ಒಬ್ಬ ಕೆಟ್ಟ ಅಧಿಕಾರಿ, ಇವೆಲ್ಲ ನೋವೇ. ಆದರೆ ಬೆನ್ನಟ್ಟುವುದು ಬೇರೆ. ಅಲ್ಲಿ ಒಂದು ಉದ್ದೇಶವಿರುತ್ತದೆ, ಒಂದು ಕ್ರಮವಿರುತ್ತದೆ, ತಡೆಯಬಲ್ಲವನು ಸುಮ್ಮನಿರುತ್ತಾನೆ ಅಥವಾ ತಾನೇ ಮುಂದೆ ನಿಂತಿರುತ್ತಾನೆ.

ಮೂವತ್ತು ವರ್ಷ ಇತಿಹಾಸದ ಪಾಠ ಹೇಳಿದ್ದೇನೆ. ಹಳೆಯ ಆಜ್ಞೆಗಳು, ವಿಚಾರಣೆಯ ದಾಖಲೆಗಳು, ತಪ್ಪೊಪ್ಪಿಗೆಗಳನ್ನು ಓದುತ್ತ ನಾನು ಒಂದು ಪ್ರಶ್ನೆಯನ್ನು ರೂಢಿ ಮಾಡಿಕೊಂಡೆ: ಯಾವ ಕಾಗದಕ್ಕೆ ಸಹಿ ಹಾಕಿದ್ದರೆ ಇವರನ್ನು ಬಿಟ್ಟುಬಿಡುತ್ತಿದ್ದರು? ಏಟು ಎಷ್ಟು ಬಿತ್ತು ಎಂಬುದಕ್ಕಿಂತ ಬಿಡುಗಡೆಯ ಬಾಗಿಲು ಯಾವುದಾಗಿತ್ತು ಎಂಬುದರಿಂದ ಏಟಿನ ಕಾರಣ ಬೇಗ ಗೊತ್ತಾಗುತ್ತದೆ.

ಉದಾಹರಣೆಗೆ ರೋಮ್. ಕ್ರಿ.ಶ. 112ರ ಸುಮಾರಿಗೆ, ಇಂದಿನ ಟರ್ಕಿಯ ಉತ್ತರ ಭಾಗದಲ್ಲಿ ರಾಜ್ಯಪಾಲನಾಗಿದ್ದ ಪ್ಲಿನಿ ಚಕ್ರವರ್ತಿ ಟ್ರಾಜನ್‌ಗೆ ಪತ್ರ ಬರೆದು ಕೇಳಿದ: ಕ್ರೈಸ್ತ ಎಂಬ ಹೆಸರಿಗೇ ಶಿಕ್ಷೆ ಕೊಡಬೇಕೋ, ಆ ಹೆಸರಿನಡಿ ಮಾಡಿದ ಅಪರಾಧಕ್ಕೆ ಕೊಡಬೇಕೋ? ಅವನ ಪದ್ಧತಿ ಸರಳವಾಗಿತ್ತು. ನೀನು ಕ್ರೈಸ್ತನೇ ಎಂದು ಮೂರು ಸಲ ಕೇಳುತ್ತಿದ್ದ, ಮೂರು ಸಲವೂ ಹೌದು ಎಂದರೆ ಮರಣದಂಡನೆ. ಟ್ರಾಜನ್ನನ ಉತ್ತರ ಇನ್ನೂ ಕುತೂಹಲದ್ದು. ಹುಡುಕಿಕೊಂಡು ಹೋಗಬೇಡ, ಹೆಸರಿಲ್ಲದ ದೂರು ತೆಗೆದುಕೊಳ್ಳಬೇಡ, ಯಾರಾದರೂ ಹಿಡಿದು ತಂದು ರುಜುವಾತಾದರೆ ಶಿಕ್ಷಿಸು, ಆದರೆ ನಾನು ಕ್ರೈಸ್ತನಲ್ಲ ಎಂದು ನಮ್ಮ ದೇವರುಗಳಿಗೆ ಪೂಜೆ ಮಾಡಿದವನನ್ನು ಕ್ಷಮಿಸು. ಗಮನಿಸಿ, ಕಳ್ಳನಿಗೆ ಯಾರೂ "ಇನ್ನು ಕಳ್ಳನಲ್ಲ ಎಂದು ಹೇಳು, ಬಿಡುತ್ತೇನೆ" ಎನ್ನುವುದಿಲ್ಲ. ಹೇಳಿದ ಒಂದು ಮಾತಿನಿಂದ ಅಪರಾಧ ಆವಿಯಾಗುವುದಾದರೆ ಶಿಕ್ಷೆ ಇದ್ದದ್ದು ನಂಬಿಕೆಗೇ.

ಮುಂದೆ ಡೇಸಿಯಸ್ ಚಕ್ರವರ್ತಿಯ ಕಾಲಕ್ಕೆ, 250ರ ಸುಮಾರಿಗೆ, ಇದು ನಿಜವಾಗಿಯೂ ಕಾಗದಕ್ಕೇ ಬಂತು. ಸಾಮ್ರಾಜ್ಯದವರೆಲ್ಲ ದೇವರುಗಳಿಗೆ ಬಲಿ ಕೊಟ್ಟು, ಸಾಕ್ಷಿಗಳ ಮುಂದೆ ನೈವೇದ್ಯದ ರುಚಿ ನೋಡಿ, ಅದಕ್ಕೊಂದು ಪತ್ರ ಬರೆಸಿಕೊಳ್ಳಬೇಕಿತ್ತು. ಈಜಿಪ್ಟಿನ ಮರಳಿನಲ್ಲಿ ಅಂಥ ನಲವತ್ತಕ್ಕೂ ಹೆಚ್ಚು ಪತ್ರಗಳು ಸಿಕ್ಕಿವೆ. ಅದರಲ್ಲೊಂದು ಮೊಸಳೆ ದೇವರ ಪೂಜಾರಿಣಿಯದು. ದಿನವೂ ದೇವರ ಕೆಲಸದಲ್ಲೇ ಇದ್ದ ಆಕೆಯೂ ಸಾಲಿನಲ್ಲಿ ನಿಂತು ಸರ್ಟಿಫಿಕೇಟ್ ತರಬೇಕಾಯಿತು. ಪಾಠ ಮಾಡುವಾಗ ಇಲ್ಲಿಗೆ ಬಂದರೆ ಹುಡುಗರು ನಗುತ್ತಿದ್ದರು. ನಾನೂ ತಡೆಯುತ್ತಿರಲಿಲ್ಲ. ಎಲ್ಲರಿಗೂ ಒಂದೇ ನಿಯಮ ಎಂದು ಮಾಡಿದಾಗ, ಆ ನಿಯಮ ಕೊರಳಿಗೆ ಉರುಳಾಗುವುದು ಕೆಲವರಿಗೆ ಮಾತ್ರ. ಪೂಜಾರಿಣಿಗೆ ಅದು ಒಂದು ಮಧ್ಯಾಹ್ನದ ತೊಂದರೆ, ಕ್ರೈಸ್ತನಿಗೆ ಪ್ರಾಣದ ಪ್ರಶ್ನೆ.

ಜಪಾನ್ ಇನ್ನೊಂದು. 1614ರಲ್ಲಿ ಅಲ್ಲಿ ಕ್ರೈಸ್ತಧರ್ಮವನ್ನು ದೇಶದಾದ್ಯಂತ ನಿಷೇಧಿಸಿದರು. ಆಮೇಲೆ ಪ್ರತಿ ಕುಟುಂಬವೂ ತಾನು ಇಂಥ ಬೌದ್ಧ ದೇವಾಲಯಕ್ಕೆ ಸೇರಿದ್ದೇನೆ ಎಂದು ದೃಢಪಡಿಸಿಕೊಳ್ಳಬೇಕಾಯಿತು. ನಾಗಸಾಕಿಯಂಥ ಕಡೆ ಯೇಸುವಿನ ಅಥವಾ ಮೇರಿಯ ಚಿತ್ರವಿದ್ದ ಫಲಕವನ್ನು ಕಾಲಿನಿಂದ ತುಳಿಸುತ್ತಿದ್ದರು. ಆ ಫಲಕಗಳಲ್ಲಿ ಕೆಲವು ಇಂದಿಗೂ ಉಳಿದಿವೆ. ತುಳಿದು ತುಳಿದು ಮುಖಗಳು ಸವೆದು ನುಣುಪಾಗಿವೆ. ತುಳಿದವರಲ್ಲಿ ಎಷ್ಟು ಜನ ಮನೆಗೆ ಹೋಗಿ ಅತ್ತಿರಬಹುದು ಎಂದು ಲೋಹ ಹೇಳುವುದಿಲ್ಲ. ಎರಡು ಶತಮಾನ ಗುಟ್ಟಾಗಿ ನಂಬಿಕೆ ಕಾಪಾಡಿಕೊಂಡ ಕೆಲವರು 1865ರಲ್ಲಿ ನಾಗಸಾಕಿಯ ಹೊಸ ಚರ್ಚಿಗೆ ಬಂದು ತಾವೂ ಕ್ರೈಸ್ತರೇ ಎಂದು ಪಾದ್ರಿಯ ಮುಂದೆ ಹೇಳಿಕೊಂಡರು. ಇನ್ನು ಭಯವಿಲ್ಲ ಅಂದುಕೊಂಡಿದ್ದರೇನೋ. ಕೆಲವೇ ವರ್ಷಗಳಲ್ಲಿ ಅವರಿದ್ದ ಉರಾಕಾಮಿ ಕಣಿವೆಯ 3,000ಕ್ಕೂ ಹೆಚ್ಚು ಜನರನ್ನು ಗಡೀಪಾರು ಮಾಡಿದರು. ನಿಷೇಧ ತೆಗೆದದ್ದು 1873ರಲ್ಲಿ.

ನಾಜಿ ಜರ್ಮನಿಯ ಶಿಬಿರಗಳಲ್ಲಿ 'ಯೆಹೋವನ ಸಾಕ್ಷಿಗಳು' ಎಂಬ ಕ್ರೈಸ್ತ ಪಂಥದವರಿಗೆ ನೇರಳೆ ಬಣ್ಣದ ತ್ರಿಕೋನ ಹೊಲಿಯುತ್ತಿದ್ದರು. ಅವರ ಮುಂದೆ ಒಂದು ಅಚ್ಚಾದ ಕಾಗದವಿರುತ್ತಿತ್ತು. ನಂಬಿಕೆ ಬಿಟ್ಟೆ ಎಂದು ಸಹಿ ಹಾಕಿದರೆ ಬಿಡುಗಡೆಯಾಗುವ ಅವಕಾಶವಿತ್ತು. ಹೆಚ್ಚಿನವರು ಹಾಕಲಿಲ್ಲ. ಅದೇ ಶಿಬಿರದ ಯಹೂದಿಗೆ ಅಂಥ ಕಾಗದವೇ ಇರಲಿಲ್ಲ. 1935ರ ನ್ಯೂರೆಂಬರ್ಗ್ ಕಾನೂನುಗಳ ಪ್ರಕಾರ ಅಜ್ಜ-ಅಜ್ಜಿಯರಲ್ಲಿ ಮೂವರು ಯಹೂದಿಗಳಾಗಿದ್ದರೆ ನೀವೂ ಯಹೂದಿ. ದೀಕ್ಷಾಸ್ನಾನ ಪಡೆದಿದ್ದರೂ, ದೇವರನ್ನೇ ನಂಬದಿದ್ದರೂ ಅಷ್ಟೇ. ವಿಚಿತ್ರವೆಂದರೆ ಆ ಅಜ್ಜ-ಅಜ್ಜಿ ಯಹೂದಿಗಳೇ ಎಂದು ತೀರ್ಮಾನಿಸಲು ನೋಡುತ್ತಿದ್ದದ್ದು ಅವರು ಯಾವ ಧರ್ಮದ ಸಮುದಾಯಕ್ಕೆ ಸೇರಿದ್ದರು ಎಂಬುದನ್ನೇ. ಧರ್ಮದ ದಾಖಲೆಯನ್ನು ರಕ್ತದ ದಾಖಲೆಯಾಗಿ ಓದಿದರು. ಹೀಗೆ ಬಾಗಿಲೇ ಇಲ್ಲದ ಕಡೆ 'ಧಾರ್ಮಿಕ' ಎಂಬ ವಿಶೇಷಣ ಸಾಲುವುದಿಲ್ಲ. ಅದು ಜನಾಂಗದ ನಿರ್ಮೂಲನೆ.

ಈ ಎರಡರ ನಡುವೆ ಸ್ಪೇನ್ ಇದೆ, ಅದು ನನ್ನನ್ನು ಯಾವಾಗಲೂ ಹೆಚ್ಚು ಕಾಡಿದ ಉದಾಹರಣೆ. 1391ರ ಹತ್ಯೆಗಳ ನಂತರ ಸಾವಿರಾರು ಯಹೂದಿಗಳು ಮತಾಂತರವಾದರು. ಬಾಗಿಲು ತೆರೆದಿತ್ತು, ಒಳಗೆ ಬಂದರು. ಆದರೆ 1449ರಲ್ಲಿ ಟೊಲೆಡೊ ನಗರದವರು ಮತಾಂತರವಾದವರ ಸಂತತಿಗೆ ಸಾರ್ವಜನಿಕ ಹುದ್ದೆ ಇಲ್ಲ ಎಂದು 'ರಕ್ತಶುದ್ಧಿ'ಯ ನಿಯಮ ಮಾಡಿದರು. 1478ರಲ್ಲಿ ಇನ್ಕ್ವಿಸಿಷನ್ ಎಂಬ ಧರ್ಮವಿಚಾರಣಾ ಮಂಡಳಿ ಬಂತು. ಶನಿವಾರ ಒಗೆದ ಬಟ್ಟೆ ಉಟ್ಟಿದ್ದಾರೆಯೇ, ಶನಿವಾರ ಚಿಮಣಿಯಲ್ಲಿ ಹೊಗೆ ಏಳುತ್ತಿಲ್ಲವೇ ಎಂದು ನೆರೆಹೊರೆಯವರೇ ನೋಡಿ ಹೇಳಬೇಕು. ಮತಾಂತರವಾಗದೆ ಉಳಿದವರನ್ನು 1492ರಲ್ಲಿ ಹೊರಹಾಕಿದರು. ಅಂದರೆ ಮೊದಲು ನಂಬಿಕೆ ಬಿಡು ಎಂದರು, ಬಿಟ್ಟ ಮೇಲೆ ನೀನು ನಿಜವಾಗಿ ಬಿಟ್ಟಿಲ್ಲ ಎಂದರು, ಕೊನೆಗೆ ಬಿಟ್ಟರೂ ನಿನ್ನ ರಕ್ತ ಬಿಟ್ಟಿಲ್ಲ ಎಂದರು.

ಈಗ ನಿಮ್ಮ ಪತ್ರಕ್ಕೆ ಬನ್ನಿ. ಬೆಂಕಿ, ಬಾವಿ, ಬಹಿಷ್ಕಾರಗಳನ್ನೆಲ್ಲ ಬರೆದಿದ್ದೀರಿ. ಆದರೆ ನಿಮ್ಮ ಕಥೆಯಲ್ಲಿ ನನಗೆ ದಾಖಲೆಯಂತೆ ಕಂಡದ್ದು ಬೇರೆ ಸಾಲು: "ನೀವು ಮೊದಲಿನ ಹಾಗೆ ಇದ್ದುಬಿಟ್ಟರೆ ನಿಮಗ್ಯಾರು ಏನು ಮಾಡ್ತಾರೆ?" ಅದು ಟ್ರಾಜನ್ನನ ಉತ್ತರವೇ, ಆಡುಮಾತಿನಲ್ಲಿ. ಅಧಿಕಾರದ ಕುರ್ಚಿಯಲ್ಲಿ ಕೂತವನೊಬ್ಬ, ಬೆಂಕಿ ಹಚ್ಚಿದವರನ್ನು ಹುಡುಕುವ ಬದಲು, ಬೆಂಕಿ ನಿಲ್ಲುವುದಕ್ಕೆ ಬೇಕಾದ ಬೆಲೆಯನ್ನು ಹೇಳಿದ. ಆ ಮಾತನ್ನು ಅವನು ಆಡಿದ್ದೇ ಹೌದಾದರೆ, 'ಧಾರ್ಮಿಕ ಕಿರುಕುಳ' ಎಂದು ನೀವು ಬರೆದದ್ದರಲ್ಲಿ ತಪ್ಪಿಲ್ಲ.

ಇದು ನಿಮ್ಮ ಗೆಳತಿಗೂ ಅರ್ಧ ಉತ್ತರ. ಆಕೆ ಹೇಳಿದ್ದು ಪೂರ್ತಿ ತಪ್ಪಲ್ಲ, ಹಳೆಯದು. ನಿರಾಶ್ರಿತರ ಕುರಿತ 1951ರ ಅಂತರರಾಷ್ಟ್ರೀಯ ಒಪ್ಪಂದ ಕಿರುಕುಳದ ಕಾರಣಗಳನ್ನು ಹೆಸರಿಸುತ್ತದೆ (ಜನಾಂಗ, ಧರ್ಮ, ರಾಷ್ಟ್ರೀಯತೆ, ಒಂದು ಸಾಮಾಜಿಕ ಗುಂಪಿಗೆ ಸೇರಿರುವುದು, ರಾಜಕೀಯ ಅಭಿಪ್ರಾಯ), ಆದರೆ ಮಾಡುವವರು ಸರ್ಕಾರದವರೇ ಆಗಿರಬೇಕು ಎನ್ನುವುದಿಲ್ಲ. ನೆರೆಯವರು ಮಾಡಿದರೂ, ರಾಜ್ಯ ರಕ್ಷಿಸಲಾರದೆ ಅಥವಾ ರಕ್ಷಿಸಲು ಮನಸ್ಸಿಲ್ಲದೆ ಕೈಕಟ್ಟಿ ಕೂತರೆ, ಅದೂ ಕಿರುಕುಳವೇ ಎಂಬುದು ಈಗ ವ್ಯಾಪಕವಾಗಿ ಒಪ್ಪಿತವಾದ ಮಾತು. "ಗುಟ್ಟಾಗಿ ಇದ್ದಿದ್ದರೆ ಆಗುತ್ತಿತ್ತಲ್ಲ" ಎಂಬ ವಾದಕ್ಕೂ ಉತ್ತರ ಬಂದಿದೆ. ಪಾಕಿಸ್ತಾನದಲ್ಲಿ ಅಹ್ಮದೀಯ ಪಂಥದವರು ತಮ್ಮನ್ನು ಮುಸ್ಲಿಮರೆಂದು ಕರೆದುಕೊಂಡರೆ, ತಮ್ಮ ಪ್ರಾರ್ಥನಾಸ್ಥಳವನ್ನು ಮಸೀದಿ ಎಂದರೆ, 1984ರ ಸುಗ್ರೀವಾಜ್ಞೆಯ ಪ್ರಕಾರ ಮೂರು ವರ್ಷದವರೆಗೆ ಜೈಲು. ಅಲ್ಲಿಂದ ಜರ್ಮನಿಗೆ ಬಂದ ಇಬ್ಬರ ವಿಷಯದಲ್ಲಿ ಐರೋಪ್ಯ ಒಕ್ಕೂಟದ ನ್ಯಾಯಾಲಯ 2012ರಲ್ಲಿ ಹೇಳಿದ್ದು ಇಷ್ಟು: ಅಪಾಯ ತಪ್ಪಿಸಿಕೊಳ್ಳಲು ನಿಮ್ಮ ಧರ್ಮಾಚರಣೆಯನ್ನು ಬಿಟ್ಟುಬಿಡಿ ಎಂದು ಅವರಿಂದ ನಿರೀಕ್ಷಿಸುವಂತಿಲ್ಲ.

ಚಿಕ್ಕಪ್ಪನ ಮಾತನ್ನು ನಾನು ಇನ್ನೂ ಗಂಭೀರವಾಗಿ ತೆಗೆದುಕೊಳ್ಳುತ್ತೇನೆ. "ಬರೀ ಜಮೀನಿನ ಜಗಳ" ಎನ್ನುವಲ್ಲಿ ಅವರು ತಪ್ಪಿರುವುದು 'ಬರೀ' ಎಂಬ ಒಂದೇ ಶಬ್ದದಲ್ಲಿ. ಆಸ್ತಿಯ ಆಸೆ ಇಲ್ಲದ ಧಾರ್ಮಿಕ ಕಿರುಕುಳವನ್ನು ನಾನು ಹೆಚ್ಚು ಕಂಡಿಲ್ಲ. 845ರಲ್ಲಿ ಚೀನಾದ ವೂಝೊಂಗ್ ಚಕ್ರವರ್ತಿ 4,600 ಬೌದ್ಧ ವಿಹಾರಗಳನ್ನು ಮುಚ್ಚಿಸಿ, 2,60,500 ಭಿಕ್ಷು ಭಿಕ್ಷುಣಿಯರನ್ನು ಸಂಸಾರಕ್ಕೆ ಮರಳಿಸಿದ. ಅವನು ದಾವೋ ಪಂಥದ ಕಟ್ಟಾ ಭಕ್ತ, ಅದು ನಿಜ. ವಿಹಾರಗಳ ಭೂಮಿಗೆ ತೆರಿಗೆ ಇರಲಿಲ್ಲ, ಅದೂ ನಿಜ. ಕಂಚಿನ ಮೂರ್ತಿ, ಗಂಟೆಗಳು ಕರಗಿ ನಾಣ್ಯವಾದವು, ಕಬ್ಬಿಣದವು ಬೇಸಾಯದ ಸಲಕರಣೆಯಾದವು, ಬೆಳ್ಳಿ ಬಂಗಾರ ಖಜಾನೆಗೆ ಹೋಯಿತು. ಭಕ್ತಿ ಯಾವುದು, ಲೆಕ್ಕ ಯಾವುದು ಎಂದು ಬಿಡಿಸಲು ಹೋಗಬೇಡಿ, ಎರಡೂ ಒಂದೇ ಹಗ್ಗದ ಎಳೆಗಳು.

ಐರ್ಲೆಂಡಿನಲ್ಲಂತೂ ಕಾನೂನೇ ಆ ಹಗ್ಗವನ್ನು ಹೊಸೆಯಿತು. 1704ರ ಕಾಯ್ದೆಯ ಪ್ರಕಾರ ಕ್ಯಾಥೊಲಿಕ್ ಸತ್ತರೆ ಅವನ ಜಮೀನು ಎಲ್ಲ ಗಂಡುಮಕ್ಕಳಿಗೂ ಹರಿದು ಹಂಚಿಹೋಗಬೇಕು. ಆದರೆ ಹಿರಿಯ ಮಗ ಪ್ರಾಟೆಸ್ಟೆಂಟ್ ಆದರೆ ಇಡೀ ಆಸ್ತಿ ಅವನಿಗೇ. ಯಾರ ತಲೆಯನ್ನೂ ಕಡಿಯಲಿಲ್ಲ, ಮನೆಯೊಳಗೇ ಅಣ್ಣ ತಮ್ಮಂದಿರ ನಡುವೆ ಒಂದು ಕಾಗದ ಇಟ್ಟರು. 1695ರ ಇನ್ನೊಂದು ಕಾಯ್ದೆಯಡಿ ಕ್ಯಾಥೊಲಿಕ್ ಒಬ್ಬ ಐದು ಪೌಂಡಿಗಿಂತ ಹೆಚ್ಚು ಬೆಲೆಯ ಕುದುರೆ ಇಟ್ಟುಕೊಳ್ಳುವಂತಿರಲಿಲ್ಲ. ಇಟ್ಟರೆ, ಐದು ಪೌಂಡು ಐದು ಶಿಲ್ಲಿಂಗ್ ಕೊಟ್ಟು ಪ್ರಾಟೆಸ್ಟೆಂಟ್ ಒಬ್ಬ ಅದನ್ನು ಒಯ್ಯಬಹುದಿತ್ತು. ಅಂದಹಾಗೆ ಐರ್ಲೆಂಡಿನಲ್ಲಿ ಕ್ಯಾಥೊಲಿಕ್ಕರೇ ಬಹುಸಂಖ್ಯಾತರು. ಕಿರುಕುಳಕ್ಕೆ ಒಳಗಾಗುವುದು ಅಲ್ಪಸಂಖ್ಯಾತರು ಮಾತ್ರ ಎಂಬುದು ಅನೇಕರ ನಂಬಿಕೆ. ತಲೆ ಎಣಿಸುವುದಕ್ಕಿಂತ ಕುರ್ಚಿ ಯಾರ ಕೈಯಲ್ಲಿದೆ ಎಂದು ನೋಡುವುದು ಒಳ್ಳೆಯದು.

ಹಾಗಾಗಿ ಚಿಕ್ಕಪ್ಪನ ಜೊತೆ ವಾದ ಮಾಡಬೇಡಿ, ಅವರನ್ನು ಕೆಲಸಕ್ಕೆ ಹಚ್ಚಿ. ಹನ್ನೆರಡು ಮನೆಯವರು ಹೊಲ-ಮನೆ ಮಾರಿದ ಪತ್ರಗಳು ಎಲ್ಲಾದರೂ ಇರುತ್ತವೆ. ತಾರೀಖು ನೋಡಿ, ಬೆಲೆ ನೋಡಿ, ಕೊಂಡವರು ಯಾರು ನೋಡಿ. 1492ರಲ್ಲಿ ಸ್ಪೇನಿನ ಯಹೂದಿಗಳಿಗೆ ಹೊರಡಲು ಸಿಕ್ಕದ್ದು ನಾಲ್ಕು ತಿಂಗಳು, ಬೆಳ್ಳಿ ಬಂಗಾರ ಒಯ್ಯುವಂತಿರಲಿಲ್ಲ. ಒಂದು ಕತ್ತೆಗೆ ಮನೆ ಕೊಟ್ಟರು, ಚೂರು ಬಟ್ಟೆಗೆ ದ್ರಾಕ್ಷಿ ತೋಟ ಕೊಟ್ಟರು ಎಂದು ಆ ಕಾಲದ ಪಾದ್ರಿಯೊಬ್ಬ ಬರೆದಿಟ್ಟಿದ್ದಾನೆ. ಅವನಿಗೆ ಯಹೂದಿಗಳ ಮೇಲೆ ಪ್ರೀತಿಯೇನೂ ಇರಲಿಲ್ಲ, ಅದಕ್ಕೇ ಆ ಸಾಕ್ಷ್ಯಕ್ಕೆ ತೂಕ ಹೆಚ್ಚು. ನಿಮ್ಮವರ ಪತ್ರಗಳೆಲ್ಲ ಒಂದೇ ತಿಂಗಳಿನವಾಗಿ, ಬೆಲೆ ಅರ್ಧಕ್ಕಿಂತ ಕೆಳಗಿದ್ದರೆ, ನೀವೂ ಸರಿ, ಚಿಕ್ಕಪ್ಪನೂ ಸರಿ. ಹತ್ತು ವರ್ಷಗಳಲ್ಲಿ ಒಬ್ಬೊಬ್ಬರಾಗಿ ಒಳ್ಳೆಯ ಬೆಲೆಗೆ ಮಾರಿದ್ದರೆ ಅದನ್ನೂ ಬರೆಯಬೇಕಾಗುತ್ತದೆ. ಆಗ ಕಥೆ ಬದಲಾಗುತ್ತದೆ. ಅದಕ್ಕೆ ಮನಸ್ಸು ಗಟ್ಟಿ ಮಾಡಿಕೊಂಡೇ ಹುಡುಕಲು ಹೊರಡಿ.

ದಾಖಲೆಗಳನ್ನು ಓದುವಾಗ ಇನ್ನೊಂದು ವಿಷಯ. ಕಿರುಕುಳ ಕೊಟ್ಟವರು ಅದನ್ನು ಕಿರುಕುಳ ಎಂದು ಬರೆಯುವುದಿಲ್ಲ. ಇಂಗ್ಲೆಂಡಿನಲ್ಲಿ ಒಂದನೇ ಎಲಿಜಬೆತ್ ಕಾಲದಲ್ಲಿ ಚರ್ಚಿಗೆ ಬಾರದವರಿಗೆ 1559ರಲ್ಲಿ ಸಲಕ್ಕೆ 12 ಪೆನ್ನಿ ದಂಡವಿತ್ತು, 1581ರಲ್ಲಿ ಅದು ತಿಂಗಳಿಗೆ 20 ಪೌಂಡಾಯಿತು, 1585ರಲ್ಲಿ ವಿದೇಶದಲ್ಲಿ ದೀಕ್ಷೆ ಪಡೆದ ಕ್ಯಾಥೊಲಿಕ್ ಪಾದ್ರಿ ದೇಶದೊಳಗೆ ಇರುವುದೇ ರಾಜದ್ರೋಹವಾಯಿತು. ನಾವು ಧರ್ಮಕ್ಕಾಗಿ ಯಾರನ್ನೂ ಕೊಲ್ಲುತ್ತಿಲ್ಲ, ದ್ರೋಹಕ್ಕಾಗಿ ಕೊಲ್ಲುತ್ತಿದ್ದೇವೆ ಎಂಬುದು ಸರ್ಕಾರದ ಸಮರ್ಥನೆ. ಫ್ರಾನ್ಸಿನ ಹದಿನಾಲ್ಕನೇ ಲೂಯಿ ಪ್ರಾಟೆಸ್ಟೆಂಟರ ಮನೆಗಳಲ್ಲಿ ಸೈನಿಕರನ್ನು ತಂಗಿಸಿ, ಉಣ್ಣಲಿಕ್ಕೂ ಮಲಗಲಿಕ್ಕೂ ಬಿಡದೆ ಮತಾಂತರ ಮಾಡಿಸಿದ. ಆಮೇಲೆ 1685ರಲ್ಲಿ, ಹೆಚ್ಚಿನವರು ಈಗಾಗಲೇ ಕ್ಯಾಥೊಲಿಕ್ ಆಗಿರುವುದರಿಂದ ಅವರಿಗೆ ರಕ್ಷಣೆ ಕೊಟ್ಟಿದ್ದ 1598ರ ಶಾಸನ ಇನ್ನು ಅನಾವಶ್ಯಕ ಎಂದು ಕಾರಣ ಬರೆದು ರದ್ದು ಮಾಡಿದ. ಸುಮಾರು ಎರಡು ಲಕ್ಷ ಜನ ದೇಶ ಬಿಟ್ಟು ಓಡಿದರು. ಹೀಗಾಗಿ ನಿಮ್ಮ ಊರಿನ ಹಳೆಯ ಕಡತ ಸಿಕ್ಕರೂ ಅದರಲ್ಲಿ 'ಶಾಂತಿಭಂಗ', 'ಆಕಸ್ಮಿಕ ಬೆಂಕಿ' ಎಂದಿರಬಹುದು. ಅಲ್ಲಿಗೆ ಕಥೆ ಸುಳ್ಳಾಗುವುದಿಲ್ಲ. ಕಡತವನ್ನೂ ಪ್ರಶ್ನೆ ಮಾಡಬೇಕು, ಅಷ್ಟೆ.

ಮೂರು ನಲವತ್ತಾದದ್ದರ ಬಗ್ಗೆ ಮುಜುಗರ ಬೇಡ. ಹಿರಿಯರು ಸುಳ್ಳು ಹೇಳುತ್ತಿಲ್ಲ, ನೋವಿನ ಗಾತ್ರವನ್ನು ಸಂಖ್ಯೆಯಲ್ಲಿ ಹೇಳಲು ನೋಡುತ್ತಿದ್ದಾರೆ. ನನಗೂ ಇಂಥದ್ದು ಆಗಿದೆ. 1209ರಲ್ಲಿ ದಕ್ಷಿಣ ಫ್ರಾನ್ಸಿನ ಬೆಜಿಯೆ ನಗರವನ್ನು ಪೋಪನ ಸೇನೆ ಮುತ್ತಿದಾಗ, ಒಳಗೆ ಪಾಷಂಡಿಗಳು ಯಾರು, ಸದ್ಭಕ್ತರು ಯಾರು ಎಂದು ಗುರುತಿಸುವುದು ಹೇಗೆ ಎಂದು ಕೇಳಿದ್ದಕ್ಕೆ "ಎಲ್ಲರನ್ನೂ ಕೊಲ್ಲಿ, ತನ್ನವರು ಯಾರೆಂದು ದೇವರಿಗೆ ಗೊತ್ತು" ಎಂದು ಪೋಪನ ಪ್ರತಿನಿಧಿ ಹೇಳಿದ ಎಂಬ ಕಥೆಯಿದೆ. ಅದನ್ನು ವರ್ಷಗಟ್ಟಲೆ ನಾಟಕೀಯವಾಗಿ ಪಾಠ ಮಾಡಿದೆ. ಒಬ್ಬ ವಿದ್ಯಾರ್ಥಿನಿ ಬಂದು, ಆ ಮಾತು ಬರುವುದು ಹತ್ತಕ್ಕೂ ಹೆಚ್ಚು ವರ್ಷಗಳ ನಂತರ, ಅಲ್ಲಿ ಇರದಿದ್ದ ಜರ್ಮನ್ ಸನ್ಯಾಸಿಯೊಬ್ಬನ ಬರಹದಲ್ಲಿ ಎಂದು ತೋರಿಸಿದಳು. ನಾಚಿಕೆಯಾಯಿತು. ಆದರೆ ಅದೇ ಪ್ರತಿನಿಧಿ ಪೋಪನಿಗೆ ಬರೆದ ಪತ್ರ ಉಳಿದಿದೆ. ವಯಸ್ಸು, ಗಂಡು-ಹೆಣ್ಣು ನೋಡದೆ ಸುಮಾರು ಇಪ್ಪತ್ತು ಸಾವಿರ ಜನರನ್ನು ಕತ್ತಿಗೆ ಒಪ್ಪಿಸಲಾಯಿತು ಎಂದು ಅವನೇ ಹೇಳಿಕೊಂಡಿದ್ದಾನೆ. ಸಂಖ್ಯೆಯಲ್ಲಿ ಅವನೂ ಉಬ್ಬಿಸಿರಬಹುದು. ಆಡಿದನೆನ್ನುವ ಮಾತು ಅನುಮಾನದ್ದು, ಹತ್ಯೆ ಅನುಮಾನದ್ದಲ್ಲ. ಸ್ಪೇನಿನ ಇನ್ಕ್ವಿಸಿಷನ್ ಲಕ್ಷಾಂತರ ಜನರನ್ನು ಸುಟ್ಟಿತು ಎಂದು ಎಷ್ಟೋ ಕಡೆ ಓದುತ್ತೀರಿ. ಕಡತಗಳನ್ನು ಎಣಿಸಿದ ಇತಿಹಾಸಕಾರರು ಮೂರೂವರೆ ಶತಮಾನಗಳಲ್ಲಿ ಮೂರರಿಂದ ಐದು ಸಾವಿರ ಮರಣದಂಡನೆ ಎನ್ನುತ್ತಾರೆ. ಹಾಗೆಂದು ಅದು ಹಗುರವಾಯಿತೇ? ಶಿಕ್ಷೆಗೊಳಗಾದವನ ಹೆಸರಿನ ಅಂಗಿಯನ್ನು ಚರ್ಚಿನಲ್ಲಿ ತೂಗುಹಾಕುತ್ತಿದ್ದರು, ಮೊಮ್ಮಕ್ಕಳೂ ಅದರ ಕೆಳಗೇ ಹಾದು ಪ್ರಾರ್ಥನೆಗೆ ಹೋಗಬೇಕು. ಸಂಖ್ಯೆಯಲ್ಲಿ ಇದು ಸಿಕ್ಕುವುದಿಲ್ಲ.

ನಿಮ್ಮ ಪುಸ್ತಕದಲ್ಲಿ ಮೂರು ಎಂದೇ ಬರೆಯಿರಿ, ಆ ಮೂವರ ಹೆಸರು ಬರೆಯಿರಿ. ನಲವತ್ತು ಎಂದು ಬರೆದರೆ, ಅದನ್ನು ಒಬ್ಬ ಸುಳ್ಳೆಂದು ತೋರಿಸಿದ ದಿನ ಆ ಮೂವರೂ ಸುಳ್ಳಾಗುತ್ತಾರೆ.

ಕಿರುಕುಳದಿಂದ ನಂಬಿಕೆ ಬೆಳೆಯುತ್ತದೆ, ಸತ್ಯವನ್ನು ಯಾರೂ ತುಳಿಯಲಾಗದು ಎಂಬ ಮಾತು ಕೂಟಗಳಲ್ಲಿ ಬರುತ್ತದೆ. ಮುನ್ನುಡಿಯಲ್ಲಿ ಅದನ್ನು ಹಾಕಬೇಡಿ. ಬೆಜಿಯೆಯಲ್ಲಿ ಸೇನೆ ಹುಡುಕಿಕೊಂಡು ಬಂದಿದ್ದ ಕ್ಯಾಥರ್ ಪಂಥ ಇಂದು ಇಲ್ಲ. ಮಾನಿ ಎಂಬ ಪ್ರವಾದಿ ಸ್ಥಾಪಿಸಿದ, ಸ್ಪೇನಿನಿಂದ ಚೀನಾದವರೆಗೆ ಹಬ್ಬಿದ್ದ ಧರ್ಮವೂ ಇಲ್ಲ. ಉಳಿದವರು ಮಾತ್ರ ತಮ್ಮ ಉಳಿವನ್ನು ಸತ್ಯಕ್ಕೆ ಸಾಕ್ಷಿ ಎನ್ನಬಲ್ಲರು. ಏಕದೇವೋಪಾಸಕರಿಂದ ಮಾತ್ರ ಕಿರುಕುಳ ಬಂತು ಎನ್ನುವುದೂ ಹಾಗೆಯೇ, ಅದನ್ನು ಅಲ್ಲಗಳೆಯಲು ವೂಝೊಂಗ್ ಒಬ್ಬನೇ ಸಾಕು. ದೇವರೇ ಇಲ್ಲದಿದ್ದರೆ ಎಲ್ಲ ಸರಿಹೋಗುತ್ತಿತ್ತು ಎನ್ನುವವರಿಗೆ ಸೋವಿಯತ್ ಒಕ್ಕೂಟವಿದೆ. ಅಲ್ಲಿ 1937ರ ಜನಗಣತಿಯಲ್ಲಿ ಧರ್ಮದ ಪ್ರಶ್ನೆ ಕೇಳಿದರು. ಎರಡು ದಶಕ ಚರ್ಚು, ಮಸೀದಿಗಳನ್ನು ಮುಚ್ಚಿಸಿದ ಮೇಲೂ ವಯಸ್ಕರಲ್ಲಿ ಅರ್ಧಕ್ಕಿಂತ ಹೆಚ್ಚು ಜನ ನಂಬುತ್ತೇವೆ ಅಂದರು. ಆ ಗಣತಿಯ ಫಲಿತಾಂಶವನ್ನೇ ಹೂತುಬಿಟ್ಟರು.

ಯಾವುದು ಕಿರುಕುಳವಲ್ಲ ಎಂಬುದನ್ನೂ ಹೇಳಬೇಕು, ಇದು ನಿಮ್ಮ ಕೂಟದಲ್ಲಿ ಕೆಲವರಿಗೆ ಹಿಡಿಸಲಿಕ್ಕಿಲ್ಲ. ನಮ್ಮ ನಂಬಿಕೆಯನ್ನು ಯಾರೋ ಟೀಕಿಸಿದರು, ನಮ್ಮ ಹುಡುಗಿ ಪಂಥ ಬಿಟ್ಟು ಹೋದಳು, ಬೇರೆಯವರಿಗೂ ನಮ್ಮಷ್ಟೇ ಹಕ್ಕು ಸಿಕ್ಕಿತು, ಇವು ಕಿರುಕುಳವಲ್ಲ. ನಂಬುವ ಸ್ವಾತಂತ್ರ್ಯಕ್ಕೆ ಮಿತಿಯಿಲ್ಲ, ಆದರೆ ಆಚರಣೆಗೆ ಸುರಕ್ಷತೆ, ಆರೋಗ್ಯ, ಇತರರ ಹಕ್ಕುಗಳ ಕಾರಣಕ್ಕೆ ಕಾನೂನು ಮಿತಿ ಹಾಕಬಹುದು ಎಂದು ನಾಗರಿಕ ಮತ್ತು ರಾಜಕೀಯ ಹಕ್ಕುಗಳ ಕುರಿತ 1966ರ ಅಂತರರಾಷ್ಟ್ರೀಯ ಒಡಂಬಡಿಕೆಯೂ ಒಪ್ಪುತ್ತದೆ. ಶಬ್ದವನ್ನು ಎಲ್ಲ ಕಡೆ ಸವರಿದರೆ ನಿಮ್ಮ ಅಜ್ಜಿಯ ರಾತ್ರಿಗೆ ಉಳಿಯುವ ಶಬ್ದವೇ ಇರುವುದಿಲ್ಲ.

ಇನ್ನು, ಬರೆಯುವುದೋ ಬೇಡವೋ. ಬರೆಯದಿದ್ದರೆ ಜಗಳ ತಪ್ಪುತ್ತದೆ ಅನ್ನಿಸಬಹುದು. ಆದರೆ ಕಥೆ ನಿಲ್ಲುವುದಿಲ್ಲ, ಪ್ರತಿ ವರ್ಷ ಕೂಟದಲ್ಲಿ ಬೆಳೆಯುತ್ತಲೇ ಇರುತ್ತದೆ, ನಿಮ್ಮ ಮಗನಿಗೆ ಸಿಕ್ಕುವುದು ನಲವತ್ತರ ಕಥೆ. ಹೇಳಿದ್ದನ್ನು ಹೇಳಿದ ಹಾಗೆ ಅಚ್ಚು ಹಾಕಿಸಿದರೆ ಹಿರಿಯರಿಗೆ ಸಂತೋಷ, ಆದರೆ ಮೊದಲ ಪ್ರಶ್ನೆಗೇ ಕುಸಿಯುತ್ತದೆ. ಜೊತೆಗೆ ಯಾರದೋ ಮನೆತನದ ಹೆಸರನ್ನು ಪುರಾವೆಯಿಲ್ಲದೆ ಅಪರಾಧಿ ಎಂದು ಅಚ್ಚು ಹಾಕಿದರೆ ಕೋರ್ಟಿನ ಮೆಟ್ಟಿಲೂ ಹತ್ತಬೇಕಾದೀತು. ನಾನಾದರೆ ಎರಡು ಪ್ರತಿ ಮಾಡುತ್ತೇನೆ. ಒಂದು ಕುಟುಂಬದ ಪೆಟ್ಟಿಗೆಯಲ್ಲಿ ಇಡುವುದು. ಅದರಲ್ಲಿ ಎಲ್ಲ ಹೆಸರು, ಎಲ್ಲ ಧ್ವನಿಮುದ್ರಣ, ಪತ್ರಗಳ ನಕಲು. ಇನ್ನೊಂದು ಹಂಚುವುದು. ಅದರಲ್ಲಿ ಕಂಡವರು ಹೇಳಿದ್ದು ಬೇರೆ, ಕೇಳಿದವರು ಹೇಳಿದ್ದು ಬೇರೆ, ಕಾಗದದಲ್ಲಿರುವುದು ಬೇರೆ. ಇದಕ್ಕೂ ಬೆಲೆಯಿದೆ, ಸುಳ್ಳಾಡುವುದಿಲ್ಲ. 'ನಮ್ಮವರ ಮಾತನ್ನೇ ಅನುಮಾನಿಸುತ್ತಾಳೆ' ಎಂದು ಕೂಟದಲ್ಲಿ ಒಂದಿಬ್ಬರು ನಿಮ್ಮ ಜೊತೆ ಮಾತು ಬಿಡಬಹುದು.

ಹಿರಿಯರನ್ನು ಒಟ್ಟಿಗೆ ಕೂರಿಸಿ ಕೇಳಬೇಡಿ. ಒಬ್ಬರ ನೆನಪು ಇನ್ನೊಬ್ಬರದಕ್ಕೆ ಬಣ್ಣ ಹಚ್ಚುತ್ತದೆ. ಬೇರೆಬೇರೆಯಾಗಿ, ವಾರ್ಷಿಕ ಕೂಟಕ್ಕೆ ಮೊದಲೇ ಕೇಳಿ. "ಏನಾಯಿತು" ಎನ್ನುವುದಕ್ಕಿಂತ "ನೀವು ಆಗ ಎಲ್ಲಿ ನಿಂತಿದ್ದಿರಿ" ಎಂದು ಕೇಳಿದರೆ ಬೇರೆ ಉತ್ತರ ಬರುತ್ತದೆ.

ಮಗನಿಗೆ ಏನು ಹೇಳುವುದು? ಅವನು ದಡ್ಡ ಪ್ರಶ್ನೆ ಕೇಳಿಲ್ಲ. 'ಅವರು ನಮ್ಮನ್ನು ಓಡಿಸಿದರು' ಎಂಬ ವಾಕ್ಯ ಕೇಳಿದ ಯಾರಿಗಾದರೂ ಬರಬೇಕಾದ ಪ್ರಶ್ನೆ ಅದೇ. ತೊಂದರೆ ಇರುವುದು 'ಅವರು' ಎಂಬ ಸರ್ವನಾಮದಲ್ಲಿ. ಅದಕ್ಕೆ ಸಾವಿಲ್ಲ, ಅದು ಮೊಮ್ಮಕ್ಕಳಿಗೂ ಮರಿಮಕ್ಕಳಿಗೂ ಅಂಟುತ್ತದೆ. ಇಂಥ ವರ್ಷ, ಇಂಥ ಹುದ್ದೆಯಲ್ಲಿದ್ದವನು ದೂರು ಬರೆದುಕೊಳ್ಳಲಿಲ್ಲ, ಇಂಥ ಮೂವರು ಮುಂದೆ ನಿಂತರು, ಉಳಿದವರು ಬಾಗಿಲು ಹಾಕಿಕೊಂಡರು ಎಂದು ಬರೆದರೆ, ದೋಷ ಮಾಡಿದವರ ಹತ್ತಿರವೇ ಉಳಿಯುತ್ತದೆ. ಜೊತೆಗೆ ಅವನಿಗೆ ಇದನ್ನೂ ಹೇಳಿ: 311ರಲ್ಲಿ ರೋಮ್ ಕ್ರೈಸ್ತರ ಬೇಟೆ ನಿಲ್ಲಿಸುವ ಆಜ್ಞೆ ಹೊರಡಿಸಿತು. 385ರ ಹೊತ್ತಿಗೆ ಒಬ್ಬ ಕ್ರೈಸ್ತ ಚಕ್ರವರ್ತಿಯ ನ್ಯಾಯಸಭೆ ಟ್ರಿಯರ್ ನಗರದಲ್ಲಿ ಪ್ರಿಸಿಲಿಯನ್ ಎಂಬ ಕ್ರೈಸ್ತ ಬಿಷಪ್ಪನ ತಲೆ ತೆಗೆಸಿತು. ಅವನ ಬೋಧನೆ ಅಡ್ಡದಾರಿಯದು ಎಂಬುದು ಎದುರಾಳಿಗಳ ಸಿಟ್ಟು, ಕಾಗದದ ಮೇಲಿನ ಆರೋಪ ಮಾಟಮಂತ್ರ. ನಡುವೆ ಇದ್ದದ್ದು ಎಪ್ಪತ್ತನಾಲ್ಕು ವರ್ಷ, ಒಬ್ಬರ ಆಯುಷ್ಯ. ಅವನನ್ನು ಕೊಲ್ಲಬೇಡಿ ಎಂದು ಹೋಗಿ ಬೇಡಿಕೊಂಡವನು ಟೂರ್ಸಿನ ಮಾರ್ಟಿನ್, ಅವನೂ ಬಿಷಪ್ಪನೇ. ಇಂಗ್ಲೆಂಡಿನ ಕಾಟ ತಾಳದೆ ಅಮೆರಿಕಕ್ಕೆ ಹೋದ ಪ್ಯೂರಿಟನ್ನರು 1660ರಲ್ಲಿ ಬಾಸ್ಟನ್ನಿನಲ್ಲಿ ಕ್ವೇಕರ್ ಪಂಥದ ಮೇರಿ ಡೈಯರ್ ಎಂಬ ಹೆಂಗಸನ್ನು ನೇಣಿಗೆ ಹಾಕಿದರು. ಆಕೆಗೂ ಒಂದು ಬಾಗಿಲಿತ್ತು: ಇಲ್ಲಿಂದ ಹೊರಟುಹೋದರೆ ಜೀವ ಉಳಿಯುತ್ತದೆ.

ಕನ್ನಡದ್ದೇ ಒಂದು ದಾಖಲೆಯನ್ನೂ ಅವನಿಗೆ ಓದಿ ಹೇಳಬಹುದು. ಶ್ರವಣಬೆಳಗೊಳದ 1368ರ ಶಾಸನ. ವೈಷ್ಣವರಿಂದ ತಮಗೆ ಅನ್ಯಾಯವಾಗುತ್ತಿದೆ ಎಂದು ಜೈನರು ವಿಜಯನಗರದ ಬುಕ್ಕರಾಯನಿಗೆ ದೂರು ಕೊಟ್ಟರು. ಅವನು ಜೈನರ ಕೈಯನ್ನು ವೈಷ್ಣವರ ಕೈಯಲ್ಲಿ ಇರಿಸಿ, ಎರಡು ದರ್ಶನಗಳಿಗೂ ಭೇದವಿಲ್ಲ ಎಂದ. ಅದು ಎಲ್ಲರೂ ಹೇಳುವ ಭಾಗ. ನನಗೆ ಇಷ್ಟವಾಗುವುದು ಅದರ ಮುಂದಿನ ಒಣ ವಿವರ: ಪಂಚಮಹಾವಾದ್ಯ, ಕಲಶಗಳ ಹಕ್ಕು ಜೈನರಿಗೆ ಉಂಟು, ಮನೆಗಿಷ್ಟು ಹಣ ಎತ್ತಿ ಬೆಳಗೊಳದ ದೇವರ ಕಾವಲಿಗೆ ಇಪ್ಪತ್ತು ಆಳುಗಳನ್ನು ಇಡಬೇಕು, ಮಿಕ್ಕ ಹಣದಲ್ಲಿ ಜೀರ್ಣವಾದ ಜಿನಾಲಯಗಳಿಗೆ ಸುಣ್ಣ ಬಳಿಸಬೇಕು. ಆ ಏರ್ಪಾಡಿನ ಹೊಣೆ ಹೊತ್ತವನು ತಿರುಮಲೆಯ ತಾತಯ್ಯ, ವೈಷ್ಣವನೇ.

ಕೊನೆಯದಾಗಿ ಒಂದು ಕೆಲಸ, ಇದು ಉಳಿದದ್ದಕ್ಕಿಂತ ಮೊದಲು ಆಗಬೇಕು. ಅಜ್ಜಿಯನ್ನೂ ಅವರ ತಂಗಿಯನ್ನೂ "ಅದೇ ಊರಿನವರೊಬ್ಬರು" ಗಾಡಿಯಲ್ಲಿ ದಾಟಿಸಿದರು ಎಂದು ಒಂದೇ ಸಾಲಿನಲ್ಲಿ ಬರೆದು ಮುಂದೆ ಹೋಗಿದ್ದೀರಿ. ಆ ಮನುಷ್ಯನಿಗೆ ಹೆಸರಿತ್ತು. ಅಜ್ಜಿಯ ತಂಗಿ ಇನ್ನೂ ಇದ್ದರೆ ಈ ವಾರವೇ ಹೋಗಿ, ಮಗನನ್ನೂ ಕರೆದುಕೊಂಡು ಹೋಗಿ, ಪ್ರಶ್ನೆಯನ್ನು ಅವನೇ ಕೇಳಲಿ.